ಲಕ್ಸೆಂಬರ್ಗ್‌ನ ಮಕ್ಕಳು ಮೊದಲು ಓದು-ಬರಹ ಕಲಿಯುವುದು ಜರ್ಮನ್‌ನಲ್ಲಿ, ಅದೇಕೆ?

ಅಲ್ಲಿನ ಮನೆಮಾತು ಲಕ್ಸೆಂಬರ್ಗಿಷ್‌ಗೆ ಜರ್ಮನ್ ತೀರಾ ಹತ್ತಿರದ ನೆಂಟ, ಅದಕ್ಕೆ. ಮಗು ನೀರಿಗೆ ಮನೆಯಲ್ಲಿ 'ವಾಸರ್' ಅನ್ನುತ್ತದೆ, ಜರ್ಮನ್ ಪುಸ್ತಕದಲ್ಲೂ ಹೆಚ್ಚುಕಡಿಮೆ ಅದೇ 'ವಾಸರ್'. ಫ್ರೆಂಚ್‌ನಲ್ಲಾದರೆ 'ಓ'. ಅಕ್ಷರ ಕೂಡಿಸಿ ಓದಿದಾಗ ಹೊರಡುವ ಸದ್ದು ಮೊದಲೇ ಗೊತ್ತಿರುವ ಪದವಾಗಿದ್ದರೆ ಓದು ಬೇಗ ಹತ್ತುತ್ತದೆ. ಈ ವ್ಯವಸ್ಥೆಯ ಹಿಂದಿನ ಮುಖ್ಯ ತರ್ಕ ಇದೇ.

ಹಾಗಾಗಿ ಅಂಗನವಾಡಿ ವಯಸ್ಸಿನಲ್ಲಿ ಲಕ್ಸೆಂಬರ್ಗಿಷ್, ಪ್ರಾಥಮಿಕ ಶಾಲೆಯಲ್ಲಿ ಜರ್ಮನ್, ಒಂದೆರಡು ವರ್ಷದೊಳಗೆ ಫ್ರೆಂಚೂ ಜೊತೆಗೆ. ಗಣಿತದ ಕಥೆ ತಮಾಷೆಯದು: ಜರ್ಮನ್‌ನಲ್ಲಿ ಕೂಡಿ ಕಳೆದ ಮಕ್ಕಳು ಪ್ರೌಢಶಾಲೆಗೆ ಬಂದರೆ ಅದೇ ಲೆಕ್ಕ ಫ್ರೆಂಚ್‌ನಲ್ಲಿ! ಲಕ್ಸೆಂಬರ್ಗಿಷ್‌ಗೆ ರಾಷ್ಟ್ರಭಾಷೆಯ ಪಟ್ಟ ಕಾನೂನಿನಲ್ಲಿ ಸಿಕ್ಕಿದ್ದೇ 1984ರಲ್ಲಿ. ಬರಹದ ಕೆಲಸವನ್ನು ಬಹುಕಾಲದಿಂದ ಜರ್ಮನ್, ಫ್ರೆಂಚ್‌ಗಳೇ ಹಂಚಿಕೊಂಡಿದ್ದವು.

ತೊಡಕು ಬಂದದ್ದು ಮನೆಮಾತು ಬದಲಾದಾಗ. ಈಗ ಅಲ್ಲಿನ ಶಾಲೆಗಳಲ್ಲಿ ಅರ್ಧಕ್ಕಿಂತ ಹೆಚ್ಚು ಮಕ್ಕಳ ಮನೆಯ ಮೊದಲ ಭಾಷೆ ಲಕ್ಸೆಂಬರ್ಗಿಷ್ ಅಲ್ಲ, ಪೋರ್ಚುಗೀಸ್ ಮಾತಾಡುವವರು ಬಹಳ. ಮನೆಯಲ್ಲಿ 'ಆಗ್ವಾ' ಅನ್ನುವ ಮಗುವಿಗೆ 'ವಾಸರ್' ಓದಿ ಮುಗಿಸಿದರೂ ನೀರು ಕಣ್ಣಮುಂದೆ ಬರುವುದಿಲ್ಲ. ಅಕ್ಷರವೂ ಹೊಸದು, ಭಾಷೆಯೂ ಹೊಸದು. ಇಂಥ ಮಗುವನ್ನು ದಡ್ಡ ಅಂದುಬಿಡುವುದು ಸುಲಭ, ಆದರೆ ತಪ್ಪು ಮಗುವಿನದಲ್ಲ. ಇದನ್ನು ಮನಗಂಡೇ 2022ರಲ್ಲಿ ನಾಲ್ಕು ಶಾಲೆಗಳಲ್ಲಿ, ತಂದೆತಾಯಿ ಬಯಸಿದರೆ ಫ್ರೆಂಚ್‌ನಲ್ಲೇ ಓದು-ಬರಹ ಆರಂಭಿಸುವ ಪ್ರಯೋಗ ಶುರುವಾಯಿತು. ಪೋರ್ಚುಗೀಸ್‌ಗೆ ಜರ್ಮನ್‌ಗಿಂತ ಫ್ರೆಂಚ್ ಹತ್ತಿರ.