ಮಂಜೂರಾಗದ ಗೈರುಹಾಜರಿ ಮತ್ತು ಜ್ಯೇಷ್ಠತೆ

ಪ್ರಶ್ನೆ: ಕಾಸರಗೋಡು ಜಿಲ್ಲೆಯ ಕುಂಬಳೆ ಸಮೀಪದ ಸರಕಾರಿ ಕಚೇರಿಯಲ್ಲಿ ಎಲ್.ಡಿ. ಕ್ಲಾರ್ಕ್ (ಕೆಳದರ್ಜೆ ಗುಮಾಸ್ತ) ಆಗಿದ್ದೇನೆ. ತಾಯಿಯ ಚಿಕಿತ್ಸೆಗಾಗಿ ಮಂಗಳೂರಿನಲ್ಲೇ ಉಳಿಯಬೇಕಾಗಿ ಬಂದು, ರಜೆ ಮಂಜೂರಾಗದೆ ಏಳು ತಿಂಗಳು ಗೈರುಹಾಜರಾದೆ. ಪ್ರೊಬೇಷನ್ (ಕೆಲಸ ಖಾಯಂ ಆಗುವ ಮುಂಚಿನ ಪರೀಕ್ಷಾರ್ಥ ಅವಧಿ) ಮುಗಿದಿಲ್ಲ. ಜ್ಯೇಷ್ಠತೆಯೂ ಏಳು ತಿಂಗಳು ಹಿಂದಕ್ಕೆ ಹೋಗುವುದೆಂದು ಸಹೋದ್ಯೋಗಿಗಳು ಹೇಳುತ್ತಾರೆ. ನಿಜವೇ?

ಉತ್ತರ: ನಿಜವಲ್ಲ. ಇದೇ ಪ್ರಶ್ನೆ ಮತ್ತೆ ಮತ್ತೆ ಬರುತ್ತಿದೆ. ಕೇಳುವವರಲ್ಲಿ ಅನೇಕರು ಓದಿರುವುದು ಕರ್ನಾಟಕದ ಸೇವಾ ನಿಯಮಗಳ ಕನ್ನಡ ಕೈಪಿಡಿಯನ್ನು. ಕಾಸರಗೋಡಿನ ರಾಜ್ಯ ಸರಕಾರಿ ನೌಕರರಿಗೆ ಅನ್ವಯಿಸುವುದು ಕೇರಳದ ನಿಯಮಗಳು. ಕನ್ನಡದಲ್ಲಿದೆ ಎಂಬ ಒಂದೇ ಕಾರಣಕ್ಕೆ ಆ ಕೈಪಿಡಿಯನ್ನು ನಂಬಿ ಅರ್ಜಿ ಬರೆಯುವುದನ್ನು ದಯವಿಟ್ಟು ನಿಲ್ಲಿಸಿ.

1958ರ ಕೇರಳ ಸ್ಟೇಟ್ ಆ್ಯಂಡ್ ಸಬಾರ್ಡಿನೇಟ್ ಸರ್ವಿಸಸ್ ರೂಲ್ಸ್‌ನ 27ನೇ ನಿಯಮದಂತೆ, ಪಿ.ಎಸ್.ಸಿ. (ಲೋಕಸೇವಾ ಆಯೋಗ) ಮೂಲಕ ಬಂದವರ ಜ್ಯೇಷ್ಠತೆಯನ್ನು ಆಯೋಗವು ನೇಮಕಕ್ಕೆ ಹೆಸರು ಶಿಫಾರಸು ಮಾಡುವ ಅಡ್ವೈಸ್‌ನ ದಿನಾಂಕವೂ, ಒಂದೇ ಅಡ್ವೈಸ್ ಪಟ್ಟಿಯಲ್ಲಿದ್ದವರೊಳಗೆ ಹೆಸರುಗಳ ಅನುಕ್ರಮವೂ ನಿರ್ಧರಿಸುತ್ತವೆ. ಗೈರುಹಾಜರಾದ ದಿನಗಳನ್ನು ಎಣಿಸಿ ಅಷ್ಟರ ಮಟ್ಟಿಗೆ ಹೆಸರನ್ನು ಕೆಳಗಿಳಿಸುವ ಅಧಿಕಾರ ಕಚೇರಿಯ ಮುಖ್ಯಸ್ಥರಿಗಿಲ್ಲ. ಜ್ಯೇಷ್ಠತಾ ಪಟ್ಟಿಯಲ್ಲಿ ಕೆಳಗಿಳಿಸಬೇಕಾದರೆ ಅದು 1960ರ ವರ್ಗೀಕರಣ, ನಿಯಂತ್ರಣ ಮತ್ತು ಮೇಲ್ಮನವಿ ನಿಯಮಗಳಡಿ ದಂಡನೆಯಾಗಿಯೇ ಬರಬೇಕು, ಅದಕ್ಕೆ ಆರೋಪಪಟ್ಟಿ, ನಿಮ್ಮ ಲಿಖಿತ ಹೇಳಿಕೆ, ವಿಧಿಬದ್ಧ ವಿಚಾರಣೆ ಎಲ್ಲವೂ ನಡೆಯಬೇಕು.

ಆದರೆ ಇಷ್ಟನ್ನೇ ಓದಿ ನಿಶ್ಚಿಂತರಾಗುವವರೇ ಹೆಚ್ಚು ನಷ್ಟಪಡುತ್ತಾರೆ. ಪ್ರೊಬೇಷನ್‌ಗೆ ಲೆಕ್ಕವಾಗುವುದು ಕರ್ತವ್ಯದಲ್ಲಿದ್ದ ದಿನಗಳು ಮಾತ್ರ; ನೇರ ನೇಮಕಾತಿಯಲ್ಲಿ ಅದು ಸಾಮಾನ್ಯವಾಗಿ ಮೂರು ವರ್ಷಗಳೊಳಗೆ ಎರಡು ವರ್ಷ. ನಿಮ್ಮ ಏಳು ತಿಂಗಳು ಅದರಲ್ಲಿ ಸೇರದ ಕಾರಣ ಪ್ರೊಬೇಷನ್ ಪೂರ್ತಿಯಾದ ಘೋಷಣೆ ತಡವಾಗುತ್ತದೆ, ಆ ನಡುವೆ ಮುಂಬಡ್ತಿಯ ಹುದ್ದೆ ತೆರವಾದರೆ ಪಟ್ಟಿಯಲ್ಲಿ ನಿಮಗಿಂತ ಕೆಳಗಿರುವವರು ಅದನ್ನು ಪಡೆಯಬಹುದು. ಕ್ರಮಬದ್ಧಗೊಳ್ಳದ ಗೈರುಹಾಜರಿ ಇನ್‌ಕ್ರಿಮೆಂಟಿಗೂ ಪಿಂಚಣಿಗೂ ಸೇರುವುದಿಲ್ಲ.

ಆದ್ದರಿಂದ ಆ ಅವಧಿಯನ್ನು ಅರ್ಹ ರಜೆಯಾಗಿ, ರಜೆ ಸಾಲದಿದ್ದರೆ ಭತ್ಯೆರಹಿತ (ಸಂಬಳವಿಲ್ಲದ) ರಜೆಯಾಗಿ ಕ್ರಮಬದ್ಧಗೊಳಿಸಬೇಕೆಂದು ಈಗಲೇ ಲಿಖಿತ ಅರ್ಜಿ ಕೊಡಿ. ತಾಯಿಯ ಆಸ್ಪತ್ರೆಯ ದಾಖಲೆಗಳನ್ನೂ ನೀವು ಮೊದಲು ಕೊಟ್ಟಿದ್ದ ರಜಾ ಅರ್ಜಿಯ ಪ್ರತಿಯನ್ನೂ ಲಗತ್ತಿಸಿ, ಅರ್ಜಿ ಸ್ವೀಕರಿಸಿದ್ದಕ್ಕೆ ರಶೀದಿ ಪಡೆಯಿರಿ. ವಿವರಣೆ ಕೇಳುವ ಮೆಮೊ ಬಂದಿದ್ದರೆ ಅದರಲ್ಲಿ ಹೇಳಿದ ಗಡುವಿನೊಳಗೆ ಉತ್ತರಿಸಿ. ಕೃಷ್ಣಕಾಂತ್ ಪರ್ಮಾರ್ ಪ್ರಕರಣದಲ್ಲಿ (2012) ಸುಪ್ರೀಂ ಕೋರ್ಟ್, ಗೈರುಹಾಜರಿ ಬೇಕೆಂದೇ ಆದದ್ದೆಂದು ಸಾಬೀತಾಗದೆ ಅದು ದುರ್ನಡತೆಯಾಗದು ಎಂದಿದೆ, ಆದರೆ ಕಾರಣವನ್ನು ಕಡತದಲ್ಲಿ ದಾಖಲಿಸದೆ ಸುಮ್ಮನಿದ್ದವರಿಗೆ ಆ ತೀರ್ಪು ಆಸರೆಯಾಗುವುದು ಕಷ್ಟ.

ಹಿಂದಿನ ದಿನಾಂಕ ಹಾಕಿದ ವೈದ್ಯಕೀಯ ಸರ್ಟಿಫಿಕೇಟನ್ನು ನಿಮ್ಮ ಹೆಸರಿನಲ್ಲೇ ಮಾಡಿಸಿಕೊಡುತ್ತೇವೆ ಎನ್ನುವ ದಲ್ಲಾಳಿಗಳ ಹತ್ತಿರಕ್ಕೂ ಹೋಗಬೇಡಿ. ಕಾಯಿಲೆಯಾದದ್ದು ತಾಯಿಗೆ. ಕ್ಷಮಿಸಬಹುದಾಗಿದ್ದ ಗೈರುಹಾಜರಿಯನ್ನು ಅವರು ಸುಳ್ಳು ದಾಖಲೆಯ ಅಪರಾಧವನ್ನಾಗಿ ಮಾಡಿಬಿಡುತ್ತಾರೆ, ಅಲ್ಲಿಂದ ಮುಂದೆ ನಾನಾಗಲಿ ಯಾವ ವಕೀಲರಾಗಲಿ ಹೆಚ್ಚಿನ ಸಹಾಯ ಮಾಡಲಾರೆವು.

ಪ್ರಶ್ನೆ: ರಜೆ ಪಡೆಯದೆ ಆರು ವರ್ಷ ಗಲ್ಫ್‌ನಲ್ಲಿದ್ದೆ. ಮರಳಿದರೆ ಹಳೆಯ ಜ್ಯೇಷ್ಠತೆ ಸಿಗುವುದೇ?

ಉತ್ತರ: ಜ್ಯೇಷ್ಠತೆಗಿಂತ ಮೊದಲು ಉದ್ಯೋಗ ಉಳಿದಿದೆಯೇ ಎಂದು ನೋಡಿ. ಕೇರಳ ಸರ್ವಿಸ್ ರೂಲ್ಸ್‌ನ ಮೊದಲ ಭಾಗದ 24ನೇ ನಿಯಮದಂತೆ, ಸರಕಾರ ಬೇರೆ ರೀತಿ ತೀರ್ಮಾನಿಸದ ಹೊರತು, ಐದು ವರ್ಷ ನಿರಂತರ ಗೈರುಹಾಜರಾದವರು ಸೇವೆಯಿಂದ ಹೊರಗಾಗುತ್ತಾರೆ. ವಿಚಾರಣೆಯ ಅವಕಾಶವಿಲ್ಲದೆ ಹೀಗೆ ಹೊರಗಿಡುವಂತಿಲ್ಲವೆಂದು ದೇವಕಿನಂದನ್ ಪ್ರಸಾದ್ ಪ್ರಕರಣದಲ್ಲಿ (1971) ತೀರ್ಪಿದೆ, ಆದರೆ ವಿಚಾರಣೆ ನಡೆಸಿ ತೆಗೆದುಹಾಕುವುದನ್ನು ಅದು ತಡೆಯುವುದಿಲ್ಲ.

ಪ್ರಶ್ನೆ: ಸ್ವಂತ ಕೋರಿಕೆಯಿಂದ ಇಡುಕ್ಕಿಯಿಂದ ಕಾಸರಗೋಡಿಗೆ ವರ್ಗವಾಗಿ ಬಂದಾಗ ಜ್ಯೇಷ್ಠತೆ ಇಳಿಯಿತು. ಹಳೆಯ ಗೈರುಹಾಜರಿ ಇದಕ್ಕೆ ಕಾರಣವೇ?

ಉತ್ತರ: ಅಲ್ಲ. ಕೋರಿಕೆಯ ವರ್ಗಾವಣೆಯಲ್ಲಿ ಹೊಸ ಜಿಲ್ಲೆಯಲ್ಲಿ ಕೆಲಸಕ್ಕೆ ಸೇರಿದ ದಿನದಿಂದಲೇ ಎಣಿಕೆ.

ಪ್ರಶ್ನೆ: ಒಂದು ದಿನದ ಮುಷ್ಕರಕ್ಕೆ ಡೈಸ್‌ನಾನ್ (ಕೆಲಸ ಮಾಡದ, ಸಂಬಳವಿಲ್ಲದ ದಿನವೆಂಬ ನಮೂದು) ಹಾಕಿದರೆ ಪಟ್ಟಿಯಲ್ಲಿ ಕೆಳಗಿಳಿಯುತ್ತೇನೆಯೇ?

ಉತ್ತರ: ಇಲ್ಲ, ಆ ದಿನದ ಸಂಬಳ ಹೋಗುತ್ತದೆ.