ಅರ್ಧಕ್ಕೆ ನಿಂತ ಆಟ: ಓದುಗರೊಬ್ಬರ ಪತ್ರಕ್ಕೆ ಸಂಪಾದಕರ ಉತ್ತರ

ಪ್ರಿಯ ಓದುಗರೇ,

ನಿಮ್ಮ ಪತ್ರ ತಲುಪಿತು. ಹೆಸರು ಪ್ರಕಟಿಸಬಾರದೆಂದು ಕೋರಿದ್ದೀರಿ, ಹಾಗೆಯೇ ಆಗಲಿ. ಪತ್ರ ದೀರ್ಘವಾಗಿರುವುದರಿಂದ ಅದರ ಸಾರವನ್ನಷ್ಟೇ ಇಲ್ಲಿ ಕೊಟ್ಟು ಉತ್ತರಕ್ಕೆ ತೊಡಗುತ್ತೇನೆ.

ಐದೈದು ಜನರ ಎರಡು ತಂಡಗಳು ಸೆಣಸುವ ಆನ್‌ಲೈನ್ ಆಟವೊಂದನ್ನು ನೀವೂ ನಿಮ್ಮ ಗೆಳೆಯರೂ ಬಹಳ ಕಾಲದಿಂದ ಜೊತೆಯಾಗಿ ಆಡುತ್ತ ಬಂದಿದ್ದೀರಿ. ಮೊನ್ನೆಯ ಆಟ ಶುರುವಾದ ಸ್ವಲ್ಪ ಹೊತ್ತಿಗೇ ಗೆಳೆಯರ ಪಾತ್ರ ನಿಂತಲ್ಲೇ ನಿಂತುಬಿಟ್ಟಿತು. ಮೂರನೆಯ ನಿಮಿಷಕ್ಕೆ ಪರದೆಯ ಬದಿಯಲ್ಲಿ ಆಟವನ್ನು ರದ್ದುಮಾಡಬೇಕೇ ಎಂದು ಕೇಳುವ ಮತದ ಚೌಕ ಮೂಡಿತು. ತಂಡದಲ್ಲಿದ್ದ ಮೂವರು ಅಪರಿಚಿತರಲ್ಲಿ ಇಬ್ಬರು ಹೌದೆಂದರು, ಒಬ್ಬರು ಬೇಡವೆಂದರು, ನೀವು ಹೌದೆಂದು ಒತ್ತಿದಿರಿ. ಆಟ ಅಲ್ಲಿಗೆ ಮುಗಿಯಿತು. ಎರಡು ನಿಮಿಷದ ನಂತರ ಮರಳಿದ ಗೆಳೆಯರಿಗೆ ಕಾಣಿಸಿದ್ದು ನಡುವೆ ಬಿಟ್ಟುಹೋದದ್ದಕ್ಕೆ ವಿಧಿಸಿದ ದಂಡದ ಸೂಚನೆ. "ರೂಟರ್ ರೀಸ್ಟಾರ್ಟ್ ಆಗ್ತಿದೆ, ಎರಡೇ ನಿಮಿಷ" ಎಂದು ಅವರು ನಿಮ್ಮ ಫೋನಿಗೆ ಸಂದೇಶ ಕಳಿಸಿದ್ದರು, ನೀವು ಅದನ್ನು ನೋಡಿದ್ದು ಎಲ್ಲ ಮುಗಿದ ಮೇಲೆ. ನಾಲ್ವರೇ ಕೊನೆಯವರೆಗೆ ಹೋರಾಡಬೇಕಿತ್ತು ಎಂಬುದು ಅವರ ವಾದ, ಅಂದಿನಿಂದ ಅವರು ನಿಮ್ಮೊಡನೆ ಸರಿಯಾಗಿ ಮಾತಾಡುತ್ತಿಲ್ಲ. ಇದಕ್ಕೂ ಹಿಂದಿನ ಇನ್ನೊಂದು ಆಟದಲ್ಲಿ ಹನ್ನೆರಡನೆಯ ನಿಮಿಷಕ್ಕೆ ಬೇರೊಬ್ಬರು ಕಾಣೆಯಾದಾಗ ರದ್ದುಮಾಡುವ ಅವಕಾಶವೇ ಇರಲಿಲ್ಲವೆಂದೂ, ನಾಲ್ವರೇ ಎಳೆದಾಡಿ ಸೋತು ರೇಟಿಂಗ್, ಎಂದರೆ ಆಟಗಾರರ ಸಾಮರ್ಥ್ಯವನ್ನು ಸೂಚಿಸುವ ಅಂಕ, ಕಳೆದುಕೊಂಡಿರೆಂದೂ ಬರೆದಿದ್ದೀರಿ. ನಿಮ್ಮ ಪ್ರಶ್ನೆಗಳು ಮೂರು. ನಿಮ್ಮ ಮತ ಗೆಳೆಯರಿಗೆ ಬಗೆದ ದ್ರೋಹವೇ? ಒಬ್ಬರ ಸಂಪರ್ಕ ಕಡಿದೊಡನೆ ಯಾರನ್ನೂ ಕೇಳದೆ ಆಟ ತಾನಾಗಿ ನಿಂತುಬಿಡಬಾರದೇಕೆ? ಮೂರನೆಯ ನಿಮಿಷಕ್ಕೆ ಸಿಕ್ಕ ಪರಿಹಾರ ಹನ್ನೆರಡನೆಯ ನಿಮಿಷಕ್ಕೆ ಏಕೆ ಇಲ್ಲ?

ಕೊನೆಯ ಪ್ರಶ್ನೆಯಿಂದ ಆರಂಭಿಸುತ್ತೇನೆ, ಏಕೆಂದರೆ ಗೊಂದಲದ ಬೇರು ಅಲ್ಲಿದೆ. 'ಆಟವನ್ನು ಬೇಗ ಮುಗಿಸುವುದು' ಎಂಬ ಒಂದೇ ಮಾತಿನಲ್ಲಿ ನೀವು ಎರಡು ಬೇರೆ ಬೇರೆ ಸಂಗತಿಗಳನ್ನು ಕಟ್ಟಿಹಾಕಿದ್ದೀರಿ. ಒಂದು, ಆಟವನ್ನು ರದ್ದುಮಾಡುವುದು, ಎಂದರೆ ಅದು ನಡೆಯಲೇ ಇಲ್ಲವೆಂದು ಭಾವಿಸಿ ಫಲಿತಾಂಶವನ್ನೇ ಅಳಿಸಿಹಾಕುವುದು. ಇನ್ನೊಂದು, ಶರಣಾಗುವುದು, ಎಂದರೆ ಸೋಲನ್ನು ಒಪ್ಪಿಕೊಂಡು ಉಳಿದ ಸಮಯವನ್ನಷ್ಟೇ ಉಳಿಸಿಕೊಳ್ಳುವುದು. ಲೀಗ್ ಆಫ್ ಲೆಜೆಂಡ್ಸ್ ಆಟದಲ್ಲಿ ಈ ಎರಡಕ್ಕೂ ಬೇರೆ ಬೇರೆ ಹೆಸರುಗಳೇ ಇವೆ. ಆರಂಭದ ಕೆಲವೇ ನಿಮಿಷಗಳಲ್ಲಿ ಸಿಗುವ 'ರೀಮೇಕ್' ಮತ ಗೆದ್ದರೆ ಬಿಟ್ಟುಹೋದವರ ಲೆಕ್ಕಕ್ಕೆ ಸೋಲು ಸೇರುತ್ತದೆ, ಉಳಿದವರ ರೇಟಿಂಗ್ ಇದ್ದಲ್ಲಿಯೇ ಇರುತ್ತದೆ, ಎದುರು ತಂಡಕ್ಕೂ ಏನೂ ದಕ್ಕುವುದಿಲ್ಲ. 'ಸರೆಂಡರ್' ಮತದ ಬಾಗಿಲು ಸಾಮಾನ್ಯವಾಗಿ ತೆರೆಯುವುದು ಬಹಳ ತಡವಾಗಿ. ಅದೂ 15ನೆಯ ನಿಮಿಷದಲ್ಲಿ ಎಲ್ಲರೂ ಒಪ್ಪಬೇಕು, 20ನೆಯ ನಿಮಿಷದ ನಂತರ ಐವರಲ್ಲಿ ನಾಲ್ವರು ಒಪ್ಪಿದರೆ ಸಾಕು, ಮತ್ತು ಅದರ ಫಲ ಸಂಪೂರ್ಣ ಸೋಲು. ವ್ಯಾಲರಂಟ್ ಆಟದಲ್ಲಿಯೂ ರೀಮೇಕ್ ಇದೆ, ಆದರೆ ಅದು ಆಟದ ತೀರ ಆರಂಭಕ್ಕೆ ಸೀಮಿತವಾದದ್ದು, ಸಂಪರ್ಕದಲ್ಲಿರುವ ಪ್ರತಿಯೊಬ್ಬರ ಒಪ್ಪಿಗೆಯೂ ಅದಕ್ಕೆ ಬೇಕು.

ರದ್ದತಿಯ ಅವಕಾಶ ಅಷ್ಟು ಬೇಗ ಮುಚ್ಚುವುದೇಕೆ ಎಂದರೆ, ಪರದೆಯ ಆ ಬದಿಯಲ್ಲಿಯೂ ಐವರಿದ್ದಾರೆ. ನಿಮ್ಮ ನಾಲ್ಕು ಪುಟದ ಪತ್ರದಲ್ಲಿ ಅವರ ಪ್ರಸ್ತಾಪ ಒಮ್ಮೆಯೂ ಬಂದಿಲ್ಲ. ಇದನ್ನು ಆಕ್ಷೇಪಣೆಯೆಂದು ತಿಳಿಯಬೇಡಿ. ಸೋಲುತ್ತಿರುವವರಿಗೆ ಎದುರಾಳಿಗಳು ನೆನಪಾಗುವುದು ಕಡಿಮೆ, ನನಗೂ ಹಾಗೆಯೇ. ಮೂರನೆಯ ನಿಮಿಷದಲ್ಲಿ ಯಾರೂ ಏನನ್ನೂ ಗಳಿಸಿರುವುದಿಲ್ಲ, ಎಲ್ಲರಿಗೂ ನಷ್ಟವಾಗುವುದು ಕಾದು ಕುಳಿತ ಕೆಲವು ನಿಮಿಷ ಮಾತ್ರ. ಹನ್ನೆರಡನೆಯ ನಿಮಿಷದ ಹೊತ್ತಿಗೆ ಅವರು ದುಡಿದಿದ್ದಾರೆ. ನಿಮ್ಮ ಗೋಪುರವೊಂದನ್ನು ಕೆಡವಿರಬಹುದು, ನಿಮ್ಮ ಒಂದು ತಪ್ಪಿಗೆ ಹೊಂಚುಹಾಕಿ ಕಾದು ಮುನ್ನಡೆ ಸಾಧಿಸಿರಬಹುದು. ನಿಮ್ಮ ಕಡೆಯ ಒಬ್ಬರ ತಂತಿ ಕಡಿಯಿತೆಂಬ ಕಾರಣಕ್ಕೆ ಅವರ ಆ ದುಡಿಮೆಯನ್ನು ಅಳಿಸುವುದು ಯಾವ ನ್ಯಾಯ?

ಮೈದಾನದ ಆಟಗಳು ಈ ಲೆಕ್ಕವನ್ನು ಎಂದೋ ಮುಗಿಸಿವೆ. ವಾಲಿಬಾಲ್‌ನಲ್ಲಿ ಗಾಯದಿಂದಲೋ ಉಚ್ಚಾಟನೆಯಿಂದಲೋ ಒಬ್ಬರು ಕಡಿಮೆಯಾಗಿ, ಬದಲಿಗೆ ಇಳಿಸಲು ಯಾರೂ ಇಲ್ಲದಿದ್ದರೆ ಆ ತಂಡವನ್ನು ಅಪೂರ್ಣವೆಂದು ಘೋಷಿಸುತ್ತಾರೆ. ಗೆಲ್ಲಲು ಬೇಕಾದ ಉಳಿದ ಅಂಕಗಳೆಲ್ಲ ಎದುರು ತಂಡಕ್ಕೆ ಹೋಗುತ್ತವೆ, ಆದರೆ ಅಪೂರ್ಣ ತಂಡ ಅದುವರೆಗೆ ಗಳಿಸಿದ ಅಂಕಗಳೂ ಸೆಟ್‌ಗಳೂ ಅದರ ಬಳಿಯೇ ಉಳಿಯುತ್ತವೆ. ಫುಟ್‌ಬಾಲ್ ಹತ್ತು ಜನರಿಂದಲೂ ಒಂಬತ್ತು ಜನರಿಂದಲೂ ಸಾಗುತ್ತದೆ, ಏಳಕ್ಕಿಂತ ಕಡಿಮೆಯಾದರೆ ಮಾತ್ರ ನಿಲ್ಲುತ್ತದೆ. ಎರಡು ಆಟಗಳ ದಾರಿ ಬೇರೆಯಾದರೂ, ಆಗಿಹೋದದ್ದನ್ನು ಆಗಲಿಲ್ಲವೆಂದು ಎರಡೂ ಹೇಳುವುದಿಲ್ಲ. ಆದ್ದರಿಂದ ಹನ್ನೆರಡನೆಯ ನಿಮಿಷಕ್ಕೆ ನಿಮಗೆ ರದ್ದತಿ ಸಿಗದಿದ್ದದ್ದು ಸರಿ. ಶರಣಾಗತಿಯೂ ಸಿಗದಿದ್ದದ್ದು ಸರಿಯಲ್ಲ. ಒಬ್ಬರು ಮರಳುವುದೇ ಇಲ್ಲವೆಂದು ಖಚಿತವಾದ ಮೇಲೆ ಉಳಿದ ನಾಲ್ವರನ್ನು ಗಡಿಯಾರದ ಹೆಸರಿನಲ್ಲಿ ಕಟ್ಟಿಹಾಕುವ ನಿಯಮಕ್ಕೆ ನಾನು ಯಾವ ಸಮರ್ಥನೆಯನ್ನೂ ಕಾಣೆ. ಸೋಲುವ ಹಕ್ಕಾದರೂ ಅವರಿಗೆ ಬೇಗ ಸಿಗಬೇಕು.

ಕಳೆದುಹೋದ ರೇಟಿಂಗಿನ ಬಗ್ಗೆ ನೀವು ಬಹಳ ನೊಂದಿರುವಂತಿದೆ. ಅಷ್ಟು ನೋಯಬೇಕಾಗಿಲ್ಲ ಎನ್ನಲು ಒಂದು ಸಣ್ಣ ಲೆಕ್ಕ ಸಾಕು. ಈ ರೇಟಿಂಗ್‌ಗಳ ಮೂಲಪುರುಷ ಅರ್ಪಾಡ್ ಎಲೊ ಎಂಬ ಭೌತಶಾಸ್ತ್ರದ ಪ್ರಾಧ್ಯಾಪಕರು. ಚದುರಂಗಕ್ಕಾಗಿ ಅವರು ರೂಪಿಸಿದ ಪದ್ಧತಿಯನ್ನು ಅಂತರರಾಷ್ಟ್ರೀಯ ಚೆಸ್ ಸಂಸ್ಥೆ 1970ರಲ್ಲಿ ಅಂಗೀಕರಿಸಿತು. ಇಬ್ಬರ ನಡುವೆ 200 ಅಂಕಗಳ ಅಂತರವಿದ್ದರೆ ಮೇಲಿನವರಿಗೆ ನೂರಕ್ಕೆ ಸುಮಾರು 76 ಪಾಲು ದಕ್ಕಬೇಕೆಂದು ಅದು ನಿರೀಕ್ಷಿಸುತ್ತದೆ, ಫಲಿತಾಂಶ ನಿರೀಕ್ಷೆಗಿಂತ ಬೇರೆಯಾದಷ್ಟೂ ಅಂಕಗಳನ್ನು ತಿದ್ದುತ್ತದೆ. ಐವರ ಶಕ್ತಿಯನ್ನು ಕೂಡಿಸಿ ನಿರೀಕ್ಷೆ ಕಟ್ಟಿ, ನಾಲ್ವರು ಆಡಿದ ಆಟದ ಫಲಿತಾಂಶವನ್ನು ಅದಕ್ಕೆ ಹೋಲಿಸಿದರೆ ಆ ಒಂದು ತಿದ್ದುಪಡಿ ತಪ್ಪೇ ಆಗುತ್ತದೆ, ನಿಜ. ಆದರೆ ನೀವು ಎಂದೂ ಆಟ ಬಿಟ್ಟುಹೋಗುವವರಲ್ಲ ಎಂದಿಟ್ಟುಕೊಳ್ಳಿ. ಆಗ ಕಾಣೆಯಾಗಬಹುದಾದವರು ನಿಮ್ಮ ತಂಡದಲ್ಲಿ ನಾಲ್ವರು, ಎದುರು ತಂಡದಲ್ಲಿ ಐವರು. ಒಂಬತ್ತು ಸಲ ಹೀಗಾದರೆ ಸರಾಸರಿಯಲ್ಲಿ ಐದು ಸಲ ಲಾಭ ನಿಮ್ಮದೇ. ಆ ಐದು ಗೆಲುವುಗಳು ನಮಗೆ ನೆನಪಿರುವುದಿಲ್ಲ, ಅವು ನಮ್ಮ ಸಾಮರ್ಥ್ಯದ ಖಾತೆಗೆ ಸೇರಿಹೋಗಿರುತ್ತವೆ.

ಇನ್ನು ಎರಡನೆಯ ಪ್ರಶ್ನೆ. ಸಂಪರ್ಕ ಕಡಿದೊಡನೆ ಆಟ ತಾನಾಗಿ ನಿಲ್ಲಲಿ, ಆಗ ಯಾರ ಮೇಲೂ ದೋಷ ಬರುವುದಿಲ್ಲ ಎನ್ನುತ್ತೀರಿ. ಕೇಳಲು ಹಿತವಾಗಿದೆ. ಆದರೆ ಸರ್ವರ್‌ಗೆ, ಎಂದರೆ ಎಲ್ಲರ ಆಟವನ್ನೂ ನಡೆಸುವ ಕೇಂದ್ರ ಕಂಪ್ಯೂಟರಿಗೆ, ಏನು ಕಾಣುತ್ತದೆ ಎಂಬುದನ್ನು ಸ್ವಲ್ಪ ಹತ್ತಿರದಿಂದ ನೋಡಬೇಕು. ವೇಗದ ಆಟಗಳು ಬಹುತೇಕ ಯುಡಿಪಿ ಎಂಬ ವಿಧಾನದಲ್ಲಿ ದತ್ತಾಂಶದ ಪುಟ್ಟ ಪೊಟ್ಟಣಗಳನ್ನು ಕಳಿಸುತ್ತವೆ. ತಲುಪಿತೇ ಇಲ್ಲವೇ ಎಂದು ಪ್ರತಿಯೊಂದಕ್ಕೂ ರಸೀದಿ ಕೇಳುತ್ತ ಕೂರುವಷ್ಟು ಪುರುಸೊತ್ತು ಅವಕ್ಕಿಲ್ಲ. ಸರ್ವರ್ ಆಟದ ಸ್ಥಿತಿಯನ್ನು ಸೆಕೆಂಡಿಗೆ ಹತ್ತಾರು ಬಾರಿ ಹೊಸದಾಗಿ ಲೆಕ್ಕಹಾಕುತ್ತದೆ. ಆಟಗಾರರು ಮೆನುವಿನಿಂದ ಕ್ರಮವಾಗಿ ಹೊರಬಂದರೆ ಹೊರಟೆನೆಂಬ ಸಂದೇಶವೊಂದು ಸರ್ವರ್ ತಲುಪುತ್ತದೆ. ವಿದ್ಯುತ್ ಹೋದರೆ, ರೂಟರ್ ಕೈಕೊಟ್ಟರೆ, ಅಥವಾ ಯಾರಾದರೂ ಸಿಟ್ಟಿನಿಂದ ಕೇಬಲ್ ಕಿತ್ತೆಸೆದರೆ ಯಾವ ಸಂದೇಶವೂ ಬರುವುದಿಲ್ಲ. ಈ ಮೂರರಲ್ಲಿ ನಡೆದದ್ದು ಯಾವುದೆಂದು ಹೇಳಲು ಸರ್ವರ್‌ಗೆ ಸಾಧ್ಯವಿಲ್ಲ, ಅದಕ್ಕೆ ಕೇಳಿಸುವುದು ಮೌನ ಮಾತ್ರ. ಕೆಲವು ಸೆಕೆಂಡು ಕಾದು ಆಟಗಾರರ ಹೆಸರಿನ ಮುಂದೆ ಸಂಪರ್ಕವಿಲ್ಲವೆಂಬ ಗುರುತು ಹಾಕುವುದಷ್ಟೇ ಅದರ ಕೈಲಾಗುವ ಕೆಲಸ.

ಆ ಮೌನವನ್ನೇ ತೀರ್ಪೆಂದು ತಿಳಿದು ಆಟವನ್ನು ನಿಲ್ಲಿಸಿದರೆ ಏನಾದೀತು? ಒಬ್ಬೊಬ್ಬ ಆಟಗಾರರ ಸಂಪರ್ಕ ನೂರು ಆಟಕ್ಕೆ ಒಮ್ಮೆ ಮಾತ್ರ ಕಡಿಯುತ್ತದೆ ಎಂದು ಊಹಿಸಿಕೊಳ್ಳಿ. ಇದು ಉದಾಹರಣೆಗಾಗಿ ಇಟ್ಟುಕೊಂಡ ಸಂಖ್ಯೆ. ಹತ್ತು ಜನ ಸೇರಿದ ಆಟದಲ್ಲಿ ಯಾರಾದರೊಬ್ಬರ ಸಂಪರ್ಕ ಕಡಿಯುವ ಸಂಭವ ಆಗ ನೂರಕ್ಕೆ ಒಂಬತ್ತೂವರೆಯಷ್ಟು. ಹೆಚ್ಚುಕಡಿಮೆ ಹತ್ತರಲ್ಲಿ ಒಂದು ಆಟ ಯಾರ ತಪ್ಪೂ ಇಲ್ಲದೆ ಗಾಳಿಗೆ ಹೋಗುತ್ತದೆ. ಅದಕ್ಕಿಂತ ಕೆಟ್ಟದ್ದೆಂದರೆ, ಸೋಲು ಖಚಿತವಾದಾಗ ಐವರು ಗೆಳೆಯರ ತಂಡ ತಮ್ಮಲ್ಲೇ ಒಬ್ಬರನ್ನು ಬಲಿಕೊಟ್ಟು, ಎಂದರೆ ಅವರ ಕೇಬಲ್ ಕೀಳಿಸಿ, ಉಳಿದ ನಾಲ್ವರ ರೇಟಿಂಗ್ ಕಾಪಾಡಿಕೊಳ್ಳುವ ಹಾದಿ ತೆರೆದಂತಾಗುತ್ತದೆ. ದಂಡ ತೆರಲು ಸರದಿಯ ಮೇಲೆ ಹೊಸ ಖಾತೆಯೊಂದನ್ನು ಇಟ್ಟುಕೊಂಡರಾಯಿತು. ನಿಯಮ ಮಾಡುವವರು ಇಂಥ ಜಾಣರನ್ನು ಮನಸ್ಸಿನಲ್ಲಿಟ್ಟುಕೊಂಡೇ ಬರೆಯಬೇಕಾಗುತ್ತದೆ, ಅದರ ಪೆಟ್ಟು ನಿಮ್ಮಂಥವರಿಗೂ ತಗಲುತ್ತದೆ.

ಪ್ರಾಮಾಣಿಕ ಉದ್ದೇಶದಿಂದ ಕೊಟ್ಟ ಸವಲತ್ತೂ ತಿರುಚಿಕೊಂಡದ್ದುಂಟು. ಕೌಂಟರ್-ಸ್ಟ್ರೈಕ್ ಎಂಬ ಗುಂಡು ಹಾರಿಸುವ ಆಟದಲ್ಲಿ ಹಿಂದೆ ಒಬ್ಬರು ಬಿಟ್ಟುಹೋದರೆ ಅವರ ಜಾಗಕ್ಕೆ ಕಂಪ್ಯೂಟರ್ ಆಡಿಸುವ ಬಾಟ್ ಬರುತ್ತಿತ್ತು. ಬಾಟ್‌ನ ಆಟ ಹೇಳಿಕೊಳ್ಳುವಂಥದ್ದಲ್ಲ. ಆದರೆ ಆ ಸುತ್ತಿನಲ್ಲಿ ಸತ್ತ ಸಹಆಟಗಾರರು ಅದರ ಹಿಡಿತವನ್ನು ತಾವೇ ತೆಗೆದುಕೊಳ್ಳಬಹುದಿತ್ತು, ಎಂದರೆ ತಂಡದ ಅತ್ಯುತ್ತಮ ಗುರಿಕಾರರಿಗೆ ಒಂದೇ ಸುತ್ತಿನಲ್ಲಿ ಎರಡು ಜೀವ. ದುರ್ಬಲ ಆಟಗಾರರೊಬ್ಬರು ಹೊರಟುಹೋದರೆ ತಂಡಕ್ಕೆ ಅನುಕೂಲವೇ ಆಗುವಂಥ ವಿಚಿತ್ರ ಸ್ಥಿತಿ ಅದು. ಮುಂದೆ ಸ್ಪರ್ಧಾತ್ಮಕ ಆಟದಿಂದ ಬಾಟ್‌ಗಳನ್ನು ತೆಗೆದುಹಾಕಲಾಯಿತು.

ನನಗೆ ಹೆಚ್ಚು ಮೆಚ್ಚುಗೆಯಾದದ್ದು ಡೋಟಾ 2 ಆಟದ ಕ್ರಮ. ಅಲ್ಲಿ ಒಬ್ಬರು ಕಡಿದುಹೋದರೆ ತಂಡದವರು ಆಟವನ್ನು ತಡೆಹಿಡಿಯಬಹುದು. ಮರಳಿ ಬರಲು ಐದು ನಿಮಿಷಗಳ ಗಡುವಿದೆ, ಗಡುವು ಮೀರಿದರೆ ಮಾತ್ರ ಬಿಟ್ಟುಹೋದವರೆಂಬ ಮುದ್ರೆ ಬೀಳುತ್ತದೆ. ಆಮೇಲೆ ಅವರ ಹೊನ್ನು ಉಳಿದವರಿಗೆ ಹಂಚಿಕೆಯಾಗುತ್ತದೆ. ಕಾಯುವ ಹೊತ್ತಿನಲ್ಲಿ ಎದುರಾಳಿಗಳೂ ತಡೆಯನ್ನು ತೆಗೆಯಬಲ್ಲರು, ಎಂದರೆ ಅವರ ತಾಳ್ಮೆಗೂ ಅಲ್ಲಿ ಬೆಲೆಯಿದೆ. ಪೂರ್ತಿ ಅಪರಿಚಿತರಾದ ಐವರು ಮತ್ತೊಬ್ಬ ಅಪರಿಚಿತರ ರೂಟರ್‌ಗಾಗಿ ನಾಲ್ಕು ನಿಮಿಷ ಸುಮ್ಮನೆ ಕಾದು ಕುಳಿತದ್ದನ್ನು ನಾನೇ ಕಂಡಿದ್ದೇನೆ. ಅವಕಾಶ ಸಿಕ್ಕೊಡನೆ ತಡೆ ತೆಗೆದು ಮೇಲೆ ಬಿದ್ದದ್ದನ್ನೂ ಕಂಡಿದ್ದೇನೆ, ಲೆಕ್ಕಕ್ಕೆ ಅದೇ ಹೆಚ್ಚು. ಆದರೆ ಪ್ರತಿ ಸೆಕೆಂಡೂ ಗುಂಡು ಹಾರುವ ಆಟಗಳಿಗೆ ಈ ಕ್ರಮ ಒಗ್ಗುವುದು ಕಷ್ಟ.

ಯಂತ್ರಕ್ಕೆ ಮೌನದ ಅರ್ಥ ತಿಳಿಯದೆಂಬ ಕಾರಣಕ್ಕೇ ಪ್ರಶ್ನೆಯನ್ನು ಮನುಷ್ಯರ ಮುಂದಿಡುತ್ತಾರೆ. ಮತದ ಚೌಕ ಇರುವುದು ಅದಕ್ಕಾಗಿ. ಸರ್ವರ್‌ಗೆ ಗೊತ್ತಿಲ್ಲದ್ದು ತಂಡದ ಯಾರಿಗಾದರೂ ಗೊತ್ತಿದ್ದೀತು ಎಂಬ ನಿರೀಕ್ಷೆ ಅದರ ಹಿಂದಿದೆ. ಈಗ ನಿಮ್ಮ ಮೊದಲ ಪ್ರಶ್ನೆಗೆ ಬರಬಹುದು. ಹೌದೆಂದ ಆ ಇಬ್ಬರು ಅಪರಿಚಿತರು ತಪ್ಪು ಮಾಡಲಿಲ್ಲ. ಅವರಿಗೆ ಕಂಡದ್ದು ಅಲ್ಲಾಡದೆ ನಿಂತ ಒಂದು ಪಾತ್ರ, ಅದರಾಚೆಗೆ ತಿಳಿಯುವ ದಾರಿ ಅವರಿಗಿರಲಿಲ್ಲ. ಬೇಡವೆಂದವರು ಆಶಾವಾದಿಗಳೋ ಹಠವಾದಿಗಳೋ ತಿಳಿಯದು. ಹತ್ತು ಜನರಲ್ಲಿ ನಿಜ ಸಂಗತಿ ತಲುಪಬಹುದಾಗಿದ್ದ ಜಾಗ ಒಂದೇ, ಅದು ನಿಮ್ಮ ಮೇಜಿನ ಮೇಲೆ ಮಗುಚಿ ಇಟ್ಟಿದ್ದೆನೆಂದು ನೀವೇ ಬರೆದಿರುವ ಆ ಫೋನು. ದ್ರೋಹವೆಂಬ ಮಾತು ಇಲ್ಲಿಗೆ ತೀರ ದೊಡ್ಡದಾಯಿತು. ಅವಸರವೆಂದರೆ ಸರಿಹೋಗುತ್ತದೆ. ಮತದ ಚೌಕ ಮೂಡಿದ ಮೇಲೂ ಅದರ ಗಡಿಯಾರ ಸ್ವಲ್ಪ ಹೊತ್ತು ಓಡುತ್ತಿರುತ್ತದೆ, ಫೋನು ಮಗುಚಿ ನೋಡಲು ಅಷ್ಟು ಸಾಕಿತ್ತು. ಸಂದೇಶ ನೋಡಿದ ಮೇಲೆಯೂ ಹೌದೆಂದೇ ಒತ್ತಿದ್ದರೆ ನಿಮ್ಮನ್ನು ಆಕ್ಷೇಪಿಸಲು ನನ್ನಲ್ಲಿ ಮಾತಿರುತ್ತಿರಲಿಲ್ಲ, ಏಕೆಂದರೆ ಎರಡು ನಿಮಿಷದ ಭರವಸೆಯನ್ನು ನಂಬಿ ಇನ್ನೂ ಮೂವರ ಸಂಜೆಯನ್ನು ಪಣಕ್ಕಿಡಬೇಕೆಂಬ ನಿಯಮವೇನೂ ಇಲ್ಲ.

ನಿಮ್ಮ ಗೆಳೆಯರಿಗೂ ಒಂದು ಮಾತಿದೆ. ಆಟ ಮುಂದುವರಿದಿದ್ದರೆ ಅವರು ಮರಳಿ ಸೇರಿಕೊಂಡು ದಂಡದಿಂದ ಪಾರಾಗುವ ಸಾಧ್ಯತೆ ಖಂಡಿತ ಇತ್ತು, ಆದ್ದರಿಂದ ಅವರ ಅಸಮಾಧಾನ ಸುಳ್ಳಲ್ಲ. ಆದರೆ ದಂಡವನ್ನು ಹಾಕಿದವರು ನೀವಲ್ಲ. ಅಪರೂಪಕ್ಕೊಮ್ಮೆ ಕಡಿದುಹೋದವರನ್ನೂ ವಾರಕ್ಕೆ ಹತ್ತು ಸಲ ಎದ್ದುಹೋಗುವವರನ್ನೂ ಒಂದೇ ತಕ್ಕಡಿಯಲ್ಲಿ ತೂಗುವ ನಿಯಮವಿದ್ದರೆ ತಕರಾರು ಆ ನಿಯಮದ ಮೇಲಿರಬೇಕು. ಹಿಂದಿನ ದಾಖಲೆಯನ್ನು ನೋಡಿ, ಮೊದಲ ಸಲಕ್ಕೆ ಎಚ್ಚರಿಕೆ ಕೊಟ್ಟು, ಮರುಕಳಿಸಿದಂತೆ ದಂಡವನ್ನು ಏರಿಸುವ ಕ್ರಮವೇ ನನ್ನ ಮಟ್ಟಿಗೆ ಸರಿಯಾದದ್ದು. ನಾಲ್ವರೇ ಕೊನೆಯವರೆಗೆ ಹೋರಾಡಬೇಕಿತ್ತು ಎಂಬ ಅವರ ವಾದವನ್ನು ಮಾತ್ರ ನಾನು ಒಪ್ಪಲಾರೆ. ಹಾಗೆ ಹೋರಾಡಿ ಗೆದ್ದ ಒಂದು ರಾತ್ರಿ ನನ್ನ ನೆನಪಿನಲ್ಲಿಯೂ ಹಸಿರಾಗಿದೆ. ಸೋತ ರಾತ್ರಿಗಳನ್ನು ನಾನು ಎಣಿಸಿಟ್ಟುಕೊಂಡಿಲ್ಲ, ಅವರೂ ಎಣಿಸಿರಲಾರರು.

ಈ ಉತ್ತರವನ್ನು ಅವರಿಗೂ ಓದಲು ಕೊಡಿ. ಒಪ್ಪಿಗೆಯಾಗದಿದ್ದರೆ ಮುಂದಿನ ಪತ್ರ ಅವರಿಂದಲೇ ಬರಲಿ, ಇಷ್ಟೇ ಜಾಗ ಅವರಿಗಾಗಿಯೂ ಕಾದಿರಿಸುತ್ತೇನೆ.

— ಸಂಪಾದಕ