ಲೈನ್ ಮನೆಯ ಮುದುಕನಿಗೆ ಏನು ಕೇಳಿಸಿತು?

ನಮಸ್ಕಾರ.

ನಿಮ್ಮ ಕತೆ ತಲುಪಿತು. ಈಗಿನ ರೂಪದಲ್ಲಿ ಅದನ್ನು ಪ್ರಕಟಿಸಲು ಆಗುವುದಿಲ್ಲ. ನಿಮ್ಮನ್ನು ಕಾಯಿಸುವುದು ಬೇಡ ಅಂತ ಮೊದಲೇ ಹೇಳುತ್ತಿದ್ದೇನೆ. ಆದರೆ ಕತೆಯನ್ನು ಎರಡು ಸಲ ಓದಿದೆ. ಅದಕ್ಕೆ ಕಾರಣವಿದೆ, ಮುಂದೆ ಹೇಳುತ್ತೇನೆ.

ಕೊಡಗಿನ ಮಕ್ಕಂದೂರು ಕಡೆಯ ಒಂದು ಊರು. ಸುಗ್ಗಿ ಹಬ್ಬ ಹುತ್ತರಿಯ ರಾತ್ರಿ ಗುಂಡು ಹಾರಿಸಿ, ಕದಿರು ಅಂದರೆ ಹೊಸ ಭತ್ತದ ತೆನೆ ತೆಗೆಯುತ್ತಾರೆ. ಆ ಸದ್ದು ಅಡಗಿದ ಕೂಡಲೇ ಗದ್ದೆಯಿಂದ ಸಂಗೀತ ಏಳುತ್ತದೆ. ನುಡಿಸುವವರು ಯಾರೂ ಇಲ್ಲ. ಊರೆಲ್ಲ ಸೇರಿ ನೆನಪಿಟ್ಟುಕೊಂಡದ್ದೇ ಹಾಗೆ ಕೇಳಿಸುತ್ತದೆ. ಬೆಂಗಳೂರಿನಿಂದ ಬಂದ ಮೊಮ್ಮಗಳು ಕೇಳಿ ಅಳುತ್ತಾಳೆ. ಕೊನೆಗೆ 2018ರ ಆಗಸ್ಟ್ ಬರುತ್ತದೆ, ಗುಡ್ಡ ಜಾರುತ್ತದೆ, ಸಂಗೀತ ನಿಲ್ಲುತ್ತದೆ. ಇಷ್ಟು ನಿಮ್ಮ ಕತೆ.

ಕಲ್ಪನೆ ನನಗೆ ತುಂಬಾ ಹಿಡಿಸಿತು. ತೊಂದರೆ ಇರುವುದು ಆ ಸಂಗೀತದಲ್ಲೇ. ಅದು ನನ್ನ ಕಿವಿಗೆ ಬೀಳಲೇ ಇಲ್ಲ. 'ದಿವ್ಯ ನಾದ', 'ಅಲೌಕಿಕ ಸ್ವರ' ಅಂತ ಮತ್ತೆ ಮತ್ತೆ ಬರೆದಿದ್ದೀರಿ. ಒಂದು ಕಡೆ ಪಿಟೀಲಿನ ಹಾಗೆ ಅಂದಿದ್ದೀರಿ. ಆ ಗದ್ದೆಗೆ ಪಿಟೀಲು ಎಲ್ಲಿಂದ ಬಂತು? ನಮ್ಮಲ್ಲಿ ಕೈಯಲ್ಲಿ ಹಿಡಿಯುವ ಪುಟ್ಟ ವಾದ್ಯ ದುಡಿ ಇದೆ, ಕೊಂಬು ಇದೆ. ದುಡಿ ಬಾರಿಸುತ್ತಾ ಹಾಡುವ ದುಡಿಕೊಟ್ಟ್ ಪಾಟ್ ಕೇಳಿಯೇ ಇರುತ್ತೀರಿ. ನಾಲ್ವರು ಹಾಡುತ್ತಾರೆ. ಒಂದು ಜೋಡಿ ಸಾಲು ಎತ್ತಿದರೆ ಇನ್ನೊಂದು ಜೋಡಿ ಅದನ್ನು ಹಿಡಿದುಕೊಳ್ಳುತ್ತದೆ. ನಡಿಕೇರಿಯಂಡ ಚಿಣ್ಣಪ್ಪನವರು ಈ ಹಾಡುಗಳನ್ನು ಸಂಗ್ರಹಿಸಿ 1924ರಲ್ಲಿ 'ಪಟ್ಟೋಲೆ ಪಳಮೆ' ಪುಸ್ತಕ ತಂದರು. ಅಲ್ಲಿಯ ತನಕ ಅವು ಬಾಯಿಂದ ಕಿವಿಗೆ ದಾಟಿ ಉಳಿದಿದ್ದವು. ಊರಿನ ನೆನಪು ಹಾಡಾಗಿ ಕೇಳಿಸುವುದು ಈ ನೆಲಕ್ಕೆ ಹೊಸದಲ್ಲ ಅಲ್ವಾ? ನಿಮ್ಮ ಕಲ್ಪನೆ ಇಲ್ಲಿಂದ ಏಳಬೇಕಿತ್ತು.

ನಾನು ಚಿಕ್ಕವನಿದ್ದಾಗ ಒಂದು ಮದುವೆ ಮನೆಯಲ್ಲಿ ಹಾಡುತ್ತಿದ್ದ ಹಿರಿಯರಿಗೆ ಒಂದು ಹೆಸರು ಮರೆತುಹೋಯಿತು. ದುಡಿ ನಿಲ್ಲಲಿಲ್ಲ. ನಾಲ್ಕೈದು ಪೆಟ್ಟು ಬರೀ ದುಡಿ. ಆಮೇಲೆ ಎದುರಿನ ಜೋಡಿ ಆ ಹೆಸರನ್ನು ಎತ್ತಿಕೊಂಡಿತು. ಹಾಡು ಯಾವುದೆಂದು ನನಗೆ ಈಗ ನೆನಪಿಲ್ಲ. ಆ ಖಾಲಿ ಪೆಟ್ಟುಗಳು ಇನ್ನೂ ಕಿವಿಯಲ್ಲಿವೆ. ನಿಮ್ಮ ಸಂಗೀತದಲ್ಲಿ ಮರೆವಿಗೆ ಜಾಗವೇ ಇಲ್ಲ. ಎಲ್ಲರಿಗೂ ಎಲ್ಲವೂ ನೆನಪಿದೆ. ಹಾಗಾಗಿ ಅದು ನಿಜ ಅನ್ನಿಸುವುದಿಲ್ಲ.

ಇನ್ನೊಂದು ಮಾತು ಸ್ವಲ್ಪ ಕಠಿಣ. 'ಊರಿನ ನೆನಪು' ಅಂದಿದ್ದೀರಿ. ಯಾರ ಊರು? ಮನೆತನದ ಮೂಲಮನೆಯಾದ ಐನ್‌ಮನೆ ಬಂತು, ಹಿರಿಯರ ಗುಡಿಯಾದ ಕೈಮಡ ಬಂತು, ಅಜ್ಜನ ಕೋವಿ ಬಂತು. ಮೂರನೇ ಪುಟದಲ್ಲಿ ಲೈನ್ ಮನೆಯ, ಅಂದರೆ ತೋಟದ ಕೂಲಿಯವರ ಸಾಲುಮನೆಯ, ಯರವ ಬುಡಕಟ್ಟಿನ ಮುದುಕನೊಬ್ಬ ಪಂಜು ಹಿಡಿದು ಬರುತ್ತಾನೆ. ಒಂದೇ ಸಾಲು. ಆಮೇಲೆ ಅವನು ಇಲ್ಲವೇ ಇಲ್ಲ. ಆ ಗದ್ದೆಯಲ್ಲಿ ಬಗ್ಗಿ ನಾಟಿ ಮಾಡಿದವರು ಅವನ ಅಮ್ಮ, ಅಕ್ಕಂದಿರು. ಹಿಂದಿನವರು ಜೀತಕ್ಕೆ ದುಡಿದವರು. ಅವರಿಗೂ ಅವರದೇ ಭಾಷೆ ಇದೆ, ಹಾಡು ಇದೆ. ಒಂದೇ ಗದ್ದೆಯ ಬದುವಿನ ಮೇಲೆ ನಿಂತ ಮೊಮ್ಮಗಳಿಗೂ ಈ ಮುದುಕನಿಗೂ ಒಂದೇ ರಾಗ ಕೇಳಿಸುತ್ತದಾ? ನನಗೆ ಹಾಗನ್ನಿಸುವುದಿಲ್ಲ. ಅವಳು ಅಳುತ್ತಿರುವಾಗ ಅವನಿಗೆ ಬೇರೇನೋ ಕೇಳಿಸಿ, ಪಂಜು ಹಿಡಿದ ಕೈ ನಡುಗಿದರೆ? ಅದನ್ನು ಮೊಮ್ಮಗಳು ನೋಡಿಬಿಟ್ಟರೆ? ದಯವಿಟ್ಟು ಅವನನ್ನು ಕತೆಯೊಳಗೆ ಕರೆಯಿರಿ.

ಗುಡ್ಡ ಜಾರುವ ಭಾಗವನ್ನು ಎರಡು ಪ್ಯಾರಾದಲ್ಲಿ ಮುಗಿಸಿದ್ದೀರಿ. ಇದು ನನಗೆ ನೋವಾಯಿತು. ಅಂದು ಮನೆ, ತೋಟ, ಮನೆಯವರನ್ನು ಕಳೆದುಕೊಂಡವರು ನಮ್ಮ ಓದುಗರಲ್ಲಿದ್ದಾರೆ. ಅವರ ನೆನಪು ನಿಂತಿಲ್ಲ. ಹಾಗಿದ್ದ ಮೇಲೆ ಸಂಗೀತ ಯಾಕೆ ನಿಲ್ಲಬೇಕು? ಇಲ್ಲಿ ನೀವು ಒಂದು ವಿಷಯ ತೀರ್ಮಾನ ಮಾಡಲೇಬೇಕು. ನೆನಪು ಮಣ್ಣಿಗೆ ಅಂಟಿದೆಯೋ, ಮನುಷ್ಯರಿಗೆ ಅಂಟಿದೆಯೋ? ಮಣ್ಣಿಗೆ ಅಂಟಿದ್ದರೆ ಜಾರಿದ ಗುಡ್ಡದ ಮೇಲೆ ಕೇಳುವವರಿಲ್ಲದೆ ಹಾಡು ಮೊಳಗುತ್ತಿರಬೇಕು. ಮನುಷ್ಯರಿಗೆ ಅಂಟಿದ್ದರೆ ಅದು ಅವರ ಜೊತೆ ಜಂಬೂರಿಗೆ, ಕರ್ಣಂಗೇರಿಗೆ, ಮದೆನಾಡಿಗೆ ಹೋಗಿರಬೇಕು. ಅಲ್ಲಿ ಮನೆ ಕಳೆದುಕೊಂಡವರಿಗೆ ಸಾಲಾಗಿ ಕಟ್ಟಿಕೊಟ್ಟ ಮನೆಗಳಲ್ಲಿ ಬೇರೆ ಬೇರೆ ಊರಿನವರು ಅಕ್ಕಪಕ್ಕ ಇದ್ದಾರೆ. ಹುತ್ತರಿ ರಾತ್ರಿ ಒಂದು ಗೋಡೆಯ ಆಚೆ ಒಂದು ಊರು, ಈಚೆ ಇನ್ನೊಂದು ಊರು ಕೇಳಿಸಿದರೆ ಹೇಗಿರುತ್ತದೆ? ನನಗೆ ಕುತೂಹಲ ಇದರ ಮೇಲೆಯೇ ಜಾಸ್ತಿ. ಆಯ್ಕೆ ನಿಮ್ಮದು.

ಸಣ್ಣ ತಪ್ಪುಗಳೂ ಇವೆ. ಹುತ್ತರಿ ರಾತ್ರಿ ಕಗ್ಗತ್ತಲು ಅಂತ ಬರೆದಿದ್ದೀರಿ. ಹುತ್ತರಿ ಬರುವುದು ಹುಣ್ಣಿಮೆಯ ಹೊತ್ತಿಗೆ. ಕದಿರು ತೆಗೆಯುವಾಗ ಎಲ್ಲರೂ ಮೌನವಾಗಿದ್ದರು ಅಂದಿದ್ದೀರಿ. 'ಪೊಲಿ ಪೊಲಿ ದೇವಾ' ಕೂಗು ಎಲ್ಲಿ ಹೋಯಿತು?

ಎರಡು ಸಲ ಓದಿದ ಕಾರಣ ಹೇಳುತ್ತೇನೆ ಅಂದೆನಲ್ಲ. ನಾಲ್ಕನೇ ಪುಟದಲ್ಲಿ ಹೀಗಿದೆ: 'ಅಜ್ಜಿ ಕಿವಿ ಮುಚ್ಚಿಕೊಂಡಳು. ಆ ಹಾಡಿನ ಮುಂದಿನ ಸಾಲು ಅವಳಿಗೆ ಮಾತ್ರ ಗೊತ್ತಿತ್ತು.' ಇದನ್ನು ಓದಿ ನಾನು ಪುಟ ಕೆಳಗಿಟ್ಟು ಸ್ವಲ್ಪ ಹೊತ್ತು ಸುಮ್ನೆ ಕೂತೆ. ಕತೆ ಇಲ್ಲಿಂದ ಶುರುವಾಗಲಿ. ಮೊದಲ ಮೂರು ಪುಟದ ಮಂಜು, ಕಾಫಿ ಹೂವು, ಬೆಟ್ಟದ ವರ್ಣನೆ ತೆಗೆದುಬಿಡಿ. ಪಂಜು ಹಿಡಿದ ಮುದುಕನನ್ನು ಮಾತ್ರ ಉಳಿಸಿಕೊಳ್ಳಿ.

ಹುತ್ತರಿಗೆ ಇನ್ನು ಎರಡು ತಿಂಗಳಿದೆ. ಊರಿಗೆ ಹೋಗುವಿರಾದರೆ, ಎಲ್ಲರೂ ಕದಿರು ಹಿಡಿದು ಮನೆಗೆ ಹೊರಟ ಮೇಲೆ ಗದ್ದೆಯಲ್ಲೇ ಸ್ವಲ್ಪ ಹೊತ್ತು ನಿಂತು ಬನ್ನಿ. ಆಮೇಲೆ ತಿದ್ದಿ ಕಳುಹಿಸಿ. ಆರು ಪುಟ ಮೀರದಿರಲಿ. ಅಜ್ಜಿಯ ಆ ಎರಡು ಸಾಲನ್ನು ಮುಟ್ಟಬೇಡಿ.

ಪ್ರೀತಿಯಿಂದ,
ಸಂಪಾದಕ